ಗುಡ್ಡದ ಗಣೆ ಯಾರಿಗೆ ಕೇಳಿಸುತ್ತೆ?

ನಮ್ಮ ಅಜ್ಜಿಯ ಊರು ಶಿರಾ ಕಡೆ. ಕಾಡುಗೊಲ್ಲರ ದೇವರು ಜುಂಜಪ್ಪನ ಪರಿಷೆ ಮುಗಿದ ಮರುದಿನ ರಾತ್ರಿ ಜಗಲಿ ಮೇಲೆ ಮಲಗಿದರೆ ಊರ ಹಿಂದಿನ ಗುಡ್ಡದಿಂದ ಗಣೆಯ ದನಿ ಬರುತ್ತಿತ್ತು. ನನಗೊಬ್ಬನಿಗೇ ಅಲ್ಲ, ಸಾಲಾಗಿ ಮಲಗಿದ್ದ ಎಲ್ಲರಿಗೂ. “ಗುಡ್ಡ ನೆನೆಸ್ಕಂತೈತೆ ಕಣಪ್ಪ, ಸುಮ್ಕೆ ಮನಿಕ” ಅನ್ನುತ್ತಿದ್ದಳು ಅಜ್ಜಿ. ಗಣೆ ಅಂದರೆ ಕಾಡುಗೊಲ್ಲರ ಉದ್ದನೆಯ ಬಿದಿರಿನ ಕೊಳಲು. ಅದನ್ನು ಊದುತ್ತಾ, ನಡುನಡುವೆ ಹಾಡುತ್ತಾ ಜುಂಜಪ್ಪನ ಕಥೆ ಹೇಳುತ್ತಾರೆ.

ಅಜ್ಜಿಯ ಮಾತು ನನಗೆ ಇವತ್ತಿಗೂ ಇಷ್ಟ. ಆದರೆ ಈಗ ಅದೇ ಮಾತು ಬೇರೆ ವೇಷದಲ್ಲಿ ಫೋನಿಗೆ ಬರುತ್ತಿದೆ. ಕಲ್ಲು ಪ್ರತಿಯೊಂದು ಶಬ್ದವನ್ನೂ ಹಿಡಿದಿಟ್ಟುಕೊಳ್ಳುತ್ತಂತೆ. ಊರಿನ ನೆನಪೆಲ್ಲ ಸಂಗೀತವಾಗಿ ಹೊರಗೆ ಬರುತ್ತಂತೆ. ಜೊತೆಗೆ ‘ಕ್ವಾಂಟಂ’ ಅನ್ನೋ ಪದ ಬೇರೆ. ಓದಿದ ಮಕ್ಕಳೂ ಇದನ್ನು ನಂಬಿ ಕಳಿಸುತ್ತಿದ್ದಾರೆ. ಅದೇ ನನಗೆ ಸಂಕಟ.

ಶಿರಾ, ಮಧುಗಿರಿ, ಪಾವಗಡ ಕಡೆ ಕಾಣುವ ಈ ಬೋಳು ಬಂಡೆಗಳಿಗೆ ಹತ್ತಿರ ಹತ್ತಿರ 250 ಕೋಟಿ ವರ್ಷ ವಯಸ್ಸು. ಗಣೆಯ ದನಿ ಬಂಡೆಗೆ ತಾಗಿದರೆ ಬಹುಪಾಲು ವಾಪಸ್ ಬರುತ್ತೆ. ಒಳಗೆ ಹೋದ ಚೂರುಪಾರು ಬಿಸಿಯಾಗಿ ಕರಗಿ ಹೋಗುತ್ತೆ. ಗೀರು ಬೀಳುವುದಿಲ್ಲ. ಗೀರಿಲ್ಲದೆ ದಾಖಲೆ ಎಲ್ಲಿಂದ ಬರಬೇಕು?

ಆಡಿದ ದನಿ ಎಲ್ಲೋ ಉಳಿದಿರಬೇಕು ಅನ್ನೋ ಈ ಆಸೆ ಹಳೆಯದು. ಕಂಪ್ಯೂಟರಿನ ಕನಸು ಕಂಡ ಚಾರ್ಲ್ಸ್ ಬ್ಯಾಬೇಜ್ 1837ರಲ್ಲಿ ಗಾಳಿಯೇ ಒಂದು ದೊಡ್ಡ ಗ್ರಂಥಾಲಯ, ಮನುಷ್ಯ ಆಡಿದ ಮಾತೆಲ್ಲ ಅದರ ಪುಟಗಳಲ್ಲಿದೆ ಎಂದು ಬರೆದ. ಎಂಥ ಚಂದದ ಕಲ್ಪನೆ! ಆದರೆ ಕೆರೆಗೆ ಚೆಲ್ಲಿದ ಚೊಂಬು ಹಾಲನ್ನು ಮತ್ತೆ ಚೊಂಬಿಗೆ ತುಂಬಲು ಆಗಲ್ಲ, ಅಲ್ವಾ? ದನಿಯೂ ಹಾಗೇ. ಫ್ರಾನ್ಸಿನ ಸ್ಕಾಟ್ ಡಿ ಮಾರ್ಟಿನ್‌ವಿಲ್ ಮಸಿ ಬಳಿದ ಕಾಗದದ ಮೇಲೆ ದನಿಯ ಗೀರು ಎಳೆಯುವ ಯಂತ್ರ ಕಟ್ಟಿದ. 1860ರಲ್ಲಿ ಒಂದು ಹಾಡನ್ನು ಹಾಗೆ ಹಿಡಿದ. ಅವನಿಗೆ ದನಿಯನ್ನು ನೋಡಬೇಕಿತ್ತು, ಮತ್ತೆ ಕೇಳುವ ಯೋಚನೆಯೇ ಇರಲಿಲ್ಲ. 2008ರಲ್ಲಿ ಕಂಪ್ಯೂಟರಿನ ನೆರವಿನಿಂದ ಆ ಗೀರುಗಳನ್ನು ನುಡಿಸಿದಾಗ ಹುಡುಗಿಯೊಬ್ಬಳ ದನಿಯಂತೆ ಕೇಳಿಸಿತು. ಆಮೇಲೆ ನೋಡಿದರೆ ವೇಗ ಎರಡು ಪಟ್ಟಾಗಿತ್ತು. ನಿಧಾನ ಮಾಡಿದರೆ ಗಂಡಸಿನ ದನಿ, ಬಹುಶಃ ಸ್ಕಾಟ್‌ನದೇ. ಬೇಕೆಂದೇ ಗೀರಿದ ಕಾಗದದಿಂದ ದನಿ ತೆಗೆಯೋಕೇ ಇಷ್ಟು ಪಾಡು.

ಹಾಗಾದರೆ ನಾವು ಕೇಳಿದ್ದು ಸುಳ್ಳಾ? ಇಲ್ಲ.

ಕಿವಿ ಕೇಳುತ್ತೆ, ಮಿದುಳು ಒಪ್ಪಿಕೊಳ್ಳುತ್ತೆ ಅಂತ ಅಂದುಕೊಂಡಿದ್ದೇವೆ. ನಡೆಯುವುದು ಅಷ್ಟೇ ಅಲ್ಲ. ಮುಂದೆ ಏನು ಬರುತ್ತೆ ಅಂತ ಮಿದುಳು ಮೊದಲೇ ಊಹಿಸಿ ಕೂತಿರುತ್ತೆ. ದಿನಾ ಅದೇ ದಾರಿಯಲ್ಲಿ ಹೋಗುವ ಬಸ್ಸಿನ ಕಂಡಕ್ಟರ್ ಹೊರಗೆ ನೋಡದೇ ನಿಲ್ದಾಣದ ಹೆಸರು ಕೂಗುವ ಹಾಗೆ. ಅಕ್ಷರ ಅಳಿಸಿದ ಅಂಗಡಿ ಬೋರ್ಡನ್ನು ನಾವು ತಡವರಿಸದೆ ಓದುವ ಹಾಗೆ. 1970ರಲ್ಲಿ ಅಮೆರಿಕದ ಮನೋವಿಜ್ಞಾನಿ ರಿಚರ್ಡ್ ವಾರನ್ ಒಂದು ಪದದ ನಡುವಿನ ದನಿ ಕತ್ತರಿಸಿ, ಆ ಜಾಗಕ್ಕೆ ಕೆಮ್ಮು ಸೇರಿಸಿ ಕೇಳಿಸಿದ. 20 ಜನರಲ್ಲಿ 19 ಜನ ಪದ ಪೂರ್ತಿಯಾಗೇ ಇದೆ ಅಂದರು. 2005ರಲ್ಲಿ ಅಮೆರಿಕದ ಡಾರ್ಟ್‌ಮೌತ್ ಕಾಲೇಜಿನವರು ಹಾಡುಗಳ ನಡುವೆ ಕೆಲವು ಸೆಕೆಂಡು ದನಿ ನಿಲ್ಲಿಸಿ ನೋಡಿದರು. ಗೊತ್ತಿರುವ ಹಾಡಾದರೆ ಆ ಮೌನದಲ್ಲೂ ಮಿದುಳಿನ ಕೇಳುವ ಭಾಗ ಕೆಲಸ ಮಾಡುತ್ತಲೇ ಇತ್ತು.

ಇನ್ನು ಗಾಳಿಯ ವಿಷಯ. ಬಂಡೆಗಳ ಸಂದಿಯಲ್ಲಿ ನುಗ್ಗುವ ಗಾಳಿಯ ಸದ್ದಿನಲ್ಲಿ ದಪ್ಪ ದನಿ, ಸಣ್ಣ ದನಿ ಎಲ್ಲ ಬೆರೆತಿರುತ್ತೆ. ರಾಗಿ, ಹುರುಳಿ, ಅವರೆ, ಹೆಸರು ಎಲ್ಲ ಒಟ್ಟಿಗೆ ಸುರಿದ ಚೀಲದಂತೆ. ಚೀಲದಿಂದ ಏನು ಸಿಗುತ್ತೆ ಅನ್ನುವುದು ನೀವು ಹಿಡಿದ ಜರಡಿ ಮೇಲೆ ನಿಂತಿದೆ. ಹಿಂದಿನ ರಾತ್ರಿಯೆಲ್ಲ ಗಣೆ ಕೇಳಿದ ಮಿದುಳಿನ ಕೈಯಲ್ಲಿರುವುದು ಗಣೆಯ ಜರಡಿ. ಗಾಳಿಯಲ್ಲಿ ಅದಕ್ಕೆ ಒಪ್ಪುವ ದನಿ ಮಾತ್ರ ಮೇಲೆ ನಿಲ್ಲುತ್ತೆ, ಬಿಟ್ಟುಹೋದ ಜಾಗಗಳನ್ನು ನೆನಪು ತುಂಬುತ್ತೆ. 2001ರಲ್ಲಿ ನೆದರ್ಲೆಂಡ್ಸ್‌ನಲ್ಲಿ 44 ವಿದ್ಯಾರ್ಥಿಗಳಿಗೆ ಬರೀ ಮೊರೆತದ ಸದ್ದು ಕೇಳಿಸಿ, ಇದರಲ್ಲಿ ಎಲ್ಲರಿಗೂ ಗೊತ್ತಿರುವ ಒಂದು ಕ್ರಿಸ್‌ಮಸ್ ಹಾಡು ಇರಬಹುದು ಅಂದರು. ಹಾಡು ಇರಲೇ ಇಲ್ಲ. ಆದರೂ ಸುಮಾರು ಮೂರರಲ್ಲಿ ಒಬ್ಬರು ಹಾಡು ಸ್ಪಷ್ಟವಾಗಿ ಕೇಳಿಸಿತು ಅಂದರು. ಅವರೆಲ್ಲ ಆರೋಗ್ಯವಾಗಿಯೇ ಇದ್ದವರು.

ಇಡೀ ಜಗಲಿಗೆ ಒಂದೇ ಹಾಡು ಕೇಳಿಸಿದ್ದು ಯಾಕೆ ಅಂದರೆ, ಎಲ್ಲರೂ ಅದೇ ಪರಿಷೆಯಲ್ಲಿ ನಿದ್ದೆಗೆಟ್ಟವರು. ಒಬ್ಬರು “ಕೇಳಿಸ್ತಾ?” ಅಂದರೆ ಸಾಕು, ಎಲ್ಲರ ಜರಡಿಯೂ ಒಂದೇ ಆಗುತ್ತೆ. ಮಂಗಳೂರಿನ ಗೆಳೆಯ ಒಮ್ಮೆ ಪರಿಷೆ ಮುಗಿದ ಮೇಲೆ ಬಂದು ಪಕ್ಕದಲ್ಲೇ ಮಲಗಿದ್ದ. ಅವನಿಗೆ ಗಾಳಿ ಬಿಟ್ಟು ಬೇರೇನೂ ಕೇಳಿಸಲಿಲ್ಲ. ಊರಿನ ನೆನಪು ಹಾಡಾಗುವುದು ನಿಜ, ಆದರೆ ಕಲ್ಲಿನಲ್ಲಿ ಅಲ್ಲ. ಅಜ್ಜಿ ಮಲಗಿದ್ದ ಆ ಜಗಲಿಯಲ್ಲಿ, ಅವಳ ತಲೆಯಲ್ಲಿ. ಕಲ್ಲಿನ ಕಥೆಗಿಂತ ಇದು ಎಷ್ಟೋ ಪಾಲು ದೊಡ್ಡ ವಿಸ್ಮಯ ಅಂತ ನನಗೆ ಅನ್ನಿಸುತ್ತೆ.

ಹೋದ ಪರಿಷೆಗೆ ಅಕ್ಕನ ಮಗ ಬೆಂಗಳೂರಿನಿಂದ ಬಂದಿದ್ದ. ಗಣೆಯನ್ನು ಅವನು ಕೇಳಿದ್ದೇ ಇಲ್ಲ. ಹಿಂದಿನ ದಿನ ಜಗಲಿಯಲ್ಲಿ ಕೂರಿಸಿ ಏನು ಕೇಳಿಸುತ್ತೆ ಅಂದೆ. “ಗಾಳಿ ಮಾವ” ಅಂದ. ಪರಿಷೆಯ ರಾತ್ರಿ ಗಣೆಯವರ ಎದುರಿಗೇ ಕೂತ, ಎರಡು ಗಂಟೆ ಆದರೂ ಏಳಲಿಲ್ಲ. ಮರುದಿನ ರಾತ್ರಿ ನಾನು ಬೇಕೆಂದೇ ಏನೂ ಕೇಳಲಿಲ್ಲ. ಕೇಳಿದ್ದರೆ ಜರಡಿಯನ್ನು ನಾನೇ ಅವನ ಕೈಗೆ ಕೊಟ್ಟ ಹಾಗಾಗುತ್ತಿತ್ತು. ಗಾಳಿ ಎದ್ದಿತು. ಸ್ವಲ್ಪ ಹೊತ್ತಾದ ಮೇಲೆ ಅವನೇ ಎದ್ದು ಕೂತು ಗುಡ್ಡದ ಕಡೆ ತಿರುಗಿದ.

“ಇನ್ನೂ ಊದ್ತಾ ಇದ್ದಾರಾ ಮಾವ?”