ಬೀಳಲೆಂದೇ ನಿಂತ ಕಂಬಗಳು

ಬೆಟ್ಟದ ನೆತ್ತಿಯಿಂದ ಕಡಲ ದಂಡೆಯವರೆಗೆ ಮರದ ಕಂಬಗಳ ಸಾಲು. ಮೇಲೊಂದು ತಂತಿ. ಮರದ ದಿಮ್ಮಿಯನ್ನು ತಂತಿಗೆ ನೇತುಹಾಕಿ ಬಿಟ್ಟರೆ ಅದು ಜಾರುತ್ತಾ ಕೆಳಗೆ ಬರಬೇಕು. ಬರುತ್ತದೆ, ಆದರೆ ಎಷ್ಟು ರಭಸ ಅಂದರೆ ಕಂಬಗಳೇ ನಡುಗುತ್ತವೆ. ಕೊನೆಗೆ ಒಂದರ ಹಿಂದೊಂದು ಮುರಿದು ಬೀಳುತ್ತವೆ. ನೋಡಲು ಬಂದ ಊರವರೆಲ್ಲ ಎದ್ದೆವೋ ಬಿದ್ದೆವೋ ಅಂತ ಓಡುತ್ತಾರೆ. ಉಳಿದ ಇಬ್ಬರು ಅದೇ ಮರಳಿನ ಮೇಲೆ ಕುಣಿಯುತ್ತಾರೆ.

1964ರ ‘ಝೋರ್ಬಾ ದ ಗ್ರೀಕ್’ ನೋಡಿದವರಿಗೆ ಆ ಕುಣಿತ ಮರೆಯುವುದಿಲ್ಲ. ಝೋರ್ಬಾ ಪಾತ್ರ ಮಾಡಿದ ಆಂಟನಿ ಕ್ವಿನ್ ಹೆಸರು ಗೊತ್ತು, ಸಂಗೀತ ಕೊಟ್ಟ ಮಿಕಿಸ್ ಥಿಯೊಡೊರಾಕಿಸ್ ಹೆಸರೂ ಗೊತ್ತು. ಆದರೆ ಅದರ ಕಲಾ ನಿರ್ದೇಶಕ ಯಾರು ಅಂತ ಕೇಳಿ ನೋಡಿ. ವಸಿಲಿಸ್ ಫೊಟೊಪೌಲೋಸ್ ಅಂತ ಹೇಳುವವರು ಸಿಗುವುದು ಕಷ್ಟ. ಆಸ್ಕರ್ ಗೆದ್ದವರ ಪಾಡೇ ಹೀಗೆ!

ಫೊಟೊಪೌಲೋಸ್ ಹುಟ್ಟಿದ್ದು 1934ರಲ್ಲಿ, ಗ್ರೀಸ್‌ನ ದಕ್ಷಿಣದ ಕಲಮಾಟಾದಲ್ಲಿ. ಆಲಿವ್ ಕಾಯಿಗೆ ಹೆಸರಾದ ಊರು ಅದು. ಮೂಲತಃ ಅವರು ಚಿತ್ರಕಾರ. ನಾಟಕಗಳಿಗೆ ರಂಗಸಜ್ಜಿಕೆ ಮಾಡಿದರು, ಸಿನಿಮಾಕ್ಕೂ ಬಂದರು. ಇಲಿಯಾ ಕಜಾನ್ ನಿರ್ದೇಶನದ 1963ರ ‘ಅಮೆರಿಕ ಅಮೆರಿಕ’ದ ತಂಡದಲ್ಲಿದ್ದರು. ಮುಂದಿನ ವರ್ಷವೇ ನಿರ್ದೇಶಕ ಮಿಖಾಲಿಸ್ ಕಕೊಯಾನಿಸ್ ಜೊತೆ ಕ್ರೀಟ್ ದ್ವೀಪದಲ್ಲಿ ‘ಝೋರ್ಬಾ’.

ಕಪ್ಪು-ಬಿಳುಪು ಚಿತ್ರದಲ್ಲಿ ಕಲಾ ನಿರ್ದೇಶಕನಿಗೆ ಬಣ್ಣದ ಆಸರೆ ಇಲ್ಲ. ಸುಣ್ಣದ ಗೋಡೆ, ಒರಟು ಕಲ್ಲು, ಮಾಸಿದ ಮರ, ಹೆಂಗಸರ ಕಪ್ಪು ಬಟ್ಟೆ. ಇಷ್ಟರಲ್ಲೇ ಊರು ಎದ್ದು ನಿಲ್ಲಬೇಕು. ಹಾಗಾಗಿಯೇ ಆಗ ಬಣ್ಣದ ಚಿತ್ರಗಳಿಗೆ ಒಂದು, ಕಪ್ಪು-ಬಿಳುಪಿಗೆ ಇನ್ನೊಂದು ಅಂತ ಬೇರೆ ಬೇರೆ ಕಲಾ ಆಸ್ಕರ್ ಇತ್ತು. 1965ರ ಸಮಾರಂಭದಲ್ಲಿ ಕಪ್ಪು-ಬಿಳುಪಿನದು ಫೊಟೊಪೌಲೋಸ್‌ಗೆ ಬಂತು. ಎದುರಿಗಿದ್ದ ಹಾಲಿವುಡ್ ಚಿತ್ರಗಳಲ್ಲಿ ಒಂದಕ್ಕಂತೂ ಐದು ಜನರ ಹೆಸರು. ಇವರದು ಒಂದೇ ಹೆಸರು. ಆಗಿನ್ನೂ ವಯಸ್ಸು ಮೂವತ್ತರ ಆಸುಪಾಸು. 1966ರ ಚಿತ್ರಗಳಾದ ಮೇಲೆ ಈ ಎರಡು ವಿಭಾಗ ಒಂದಾದವು. ಅಂದರೆ ಅವರು ಗೆದ್ದ ಪ್ರಶಸ್ತಿಯೇ ಈಗಿಲ್ಲ.

ಆಮೇಲೆ ಅಮೆರಿಕದಲ್ಲಿ ಫ್ರಾನ್ಸಿಸ್ ಫೋರ್ಡ್ ಕೊಪ್ಪೊಲಾ ಇನ್ನೂ ಹೊಸಬರಾಗಿದ್ದಾಗ ಅವರ 1966ರ ‘ಯು ಆರ್ ಎ ಬಿಗ್ ಬಾಯ್ ನೌ’ ಚಿತ್ರಕ್ಕೆ ಕೆಲಸ ಮಾಡಿದರು. ‘ಓರೆಸ್ಟಿಸ್’ ಅಂತ ಒಂದು ಚಿತ್ರ ನಿರ್ದೇಶಿಸಿದರು. ಹಾಲಿವುಡ್‌ನಲ್ಲೇ ಬೇರು ಬಿಡಲಿಲ್ಲ. 2007ರ ಜನವರಿಯಲ್ಲಿ ತೀರಿಕೊಂಡರು.

‘ಝೋರ್ಬಾ’ ಚಿತ್ರಕ್ಕೇ ಛಾಯಾಗ್ರಹಣದ ಆಸ್ಕರ್ ಪಡೆದ ವಾಲ್ಟರ್ ಲಾಸಲಿ ಕಥೆ ಇನ್ನೂ ವಿಚಿತ್ರ. ಅವರು ಕೊನೆಗೆ ಕ್ರೀಟ್‌ನಲ್ಲೇ ನೆಲೆಸಿದರು. ತಮ್ಮ ಆಸ್ಕರ್ ಪ್ರತಿಮೆಯನ್ನು ಆ ಕುಣಿತ ಚಿತ್ರೀಕರಿಸಿದ ಸ್ಟಾವ್ರೋಸ್ ದಂಡೆಯ ಒಂದು ಹೋಟೆಲಿಗೆ ಕೊಟ್ಟಿದ್ದರು. 2012ರಲ್ಲಿ ಹೋಟೆಲಿಗೆ ಬೆಂಕಿ ಬಿತ್ತು, ಪ್ರತಿಮೆಯೂ ಹೋಯಿತು.

ನನ್ನ ಕೇಳಿದರೆ ಫೊಟೊಪೌಲೋಸ್ ಕೈಚಳಕ ಕಾಣುವುದು ಕಂಬಗಳಲ್ಲಲ್ಲ, ಚಿತ್ರದಲ್ಲಿ ಬರುವ ಮದಾಮ್ ಹೊರ್ಟೆನ್ಸ್ ಎಂಬ ಹೆಂಗಸಿನ ಕೋಣೆಯಲ್ಲಿ. ಅವಳು ಪರದೇಶದವಳು, ವಾರಸುದಾರರಿಲ್ಲ. ಸತ್ತರೆ ಆಸ್ತಿ ಸರ್ಕಾರದ ಪಾಲು. ಅದಕ್ಕೇ ಅವಳ ಉಸಿರು ನಿಲ್ಲುವುದನ್ನೇ ಊರಿನ ಮುದುಕಿಯರು ಕಾಯುತ್ತಾ ಕೂತಿರುತ್ತಾರೆ. ಆಮೇಲೆ ಎಲ್ಲರೂ ನುಗ್ಗುತ್ತಾರೆ. ಕೈಗೆ ಸಿಕ್ಕಿದ್ದನ್ನೆಲ್ಲ ಬಾಚಿಕೊಂಡು ಓಡುತ್ತಾರೆ. ಅಷ್ಟು ಹೊತ್ತು ಸಾಮಾನಿನಿಂದ ತುಂಬಿ ತುಳುಕುತ್ತಿದ್ದ ಮನೆ ನೋಡನೋಡುತ್ತಲೇ ಬರಿದಾಗುತ್ತದೆ. ಉಳಿಯುವುದು ಅವಳು ಮಲಗಿದ ಮಂಚ, ಪಂಜರದಲ್ಲೊಂದು ಗಿಳಿ. ಝೋರ್ಬಾ ಪಂಜರ ಎತ್ತಿಕೊಂಡು ಹೊರಡುತ್ತಾನೆ.