ಗೌನಿನ ಟ್ರೇಲ್ ಎತ್ತಿ ಕಟ್ಟಿಸಬೇಕಾ, ಹಾಗೇ ಬಿಡಬೇಕಾ?

ಪ್ರಶ್ನೆ: ಜನವರಿಯಲ್ಲಿ ನನ್ನ ಮದುವೆ. ಬೆಳಿಗ್ಗೆ ಮೈಸೂರಿನ ಫಿಲೋಮಿನಾ ಚರ್ಚ್‌ನಲ್ಲಿ, ಸಂಜೆ ಛತ್ರದಲ್ಲಿ ರಿಸೆಪ್ಷನ್. ಎರಡಕ್ಕೂ ಒಂದೇ ಬಿಳಿ ಗೌನ್. ಹಿಂದೆ ನೆಲದ ಮೇಲೆ ಸುಮಾರು ನಾಲ್ಕು ಅಡಿ ಟ್ರೇಲ್ ಬರುತ್ತದೆ. ಸಂಜೆಗೆ ಅದನ್ನು ಎತ್ತಿ ಸಿಕ್ಕಿಸೋ ಹಾಗೆ ಬಸಲ್ ಮಾಡಿಸು ಅಂತ ಅಕ್ಕ ಹೇಳುತ್ತಾಳೆ. ಟೈಲರ್ ‘ಸುಮ್ನೆ ಯಾಕಮ್ಮ, ಗೌನಿನ ಲುಕ್ಕೇ ಹೋಗುತ್ತೆ’ ಅನ್ನುತ್ತಾರೆ. ಯಾರ ಮಾತು ಕೇಳಲಿ?

ಉತ್ತರ: ಅಕ್ಕನ ಮಾತು ಕೇಳಿ. ಟೈಲರ್ ಹೇಳಿದ್ದು ಪೂರ್ತಿ ತಪ್ಪು ಅಂತಲ್ಲ. ಅವಸರದಲ್ಲಿ, ಎಲ್ಲೋ ಎರಡು ಹುಕ್ ಹಾಕಿ ಎತ್ತಿದರೆ ಹಿಂದೆ ಬಟ್ಟೆ ಗುಡ್ಡೆ ಬಿದ್ದು ಅಸಹ್ಯವಾಗಿ ಕಾಣುವುದು ನಿಜ. ಆದರೆ ಅದು ಹೊಲಿಗೆಯ ದೋಷ.

ಪಂಚೆ ಇಳಿಬಿಟ್ಟು ಧಾರೆಗೆ ನಿಂತವರೇ ಊಟ ಬಡಿಸೋಕೆ ಹೋಗುವಾಗ ಎತ್ತಿ ಕಟ್ಟುತ್ತಾರಲ್ವಾ, ಬಸಲ್ ಕೂಡ ಅಷ್ಟೇ. ನೆಲದ ಮೇಲೆ ಹರಡಿರುವ ಬಟ್ಟೆಯನ್ನು ಗೌನಿನ ಹಿಂಭಾಗಕ್ಕೇ ಎತ್ತಿ ಸಿಕ್ಕಿಸಿ, ಅಂಚು ಸುತ್ತಲೂ ಒಂದೇ ಮಟ್ಟಕ್ಕೆ ಬರುವ ಹಾಗೆ ಮಾಡುವುದು. ಬೇಕಾದಾಗ ಬಿಚ್ಚಿದರೆ ಟ್ರೇಲ್ ಮತ್ತೆ ಟ್ರೇಲೇ.

ಹೊರದೇಶದ ಮದುವೆಗಳಲ್ಲಿ ಇದನ್ನು ಮುಖ್ಯವಾಗಿ ಡ್ಯಾನ್ಸ್‌ಗೋಸ್ಕರ ಮಾಡಿಸುತ್ತಾರೆ. ನಮ್ಮಲ್ಲಿ ಹೆಚ್ಚಿನ ಮದುಮಗಳು ಕುಣಿಯುವುದಕ್ಕಿಂತ ನಿಲ್ಲುವುದೇ ಜಾಸ್ತಿ. ಹಾಗಿದ್ದರೆ ನಿಂತಲ್ಲೇ ನಿಲ್ಲೋಳಿಗೆ ಯಾಕೆ ಅಂತ ಅನಿಸಬಹುದು. ನಮ್ಮ ಸ್ಟೇಜ್ ಹೇಗಿರುತ್ತದೆ ಅಂತ ಒಮ್ಮೆ ನೆನಪಿಸಿಕೊಳ್ಳಿ. ಜನ ಒಂದು ಕಡೆಯಿಂದ ಹತ್ತಿ ಇನ್ನೊಂದು ಕಡೆಯಿಂದ ಇಳಿಯುತ್ತಾರೆ. ಫೋಟೋಗೆ ಒಂದು ಕುಟುಂಬ ಬಂದರೆ ಅರ್ಧ ಜನ ನಿಮ್ಮ ಹಿಂದೆಯೇ ಸಾಲು ನಿಲ್ಲುತ್ತಾರೆ. ನಿಮ್ಮ ನಾಲ್ಕಡಿ ಟ್ರೇಲ್ ಇರುವುದೂ ಅಲ್ಲೇ. ಅಷ್ಟರಲ್ಲಿ ಅಜ್ಜಿಯೊಬ್ಬರು ಬರುತ್ತಾರೆ, ನೀವು ಆಶೀರ್ವಾದ ತಗೊಳ್ಳೋಕೆ ಒಂದು ಹೆಜ್ಜೆ ಮುಂದಿಟ್ಟು ಬಗ್ಗುತ್ತೀರಿ. ಹಿಂದೆ ಯಾರದೋ ಶೂ ಟ್ರೇಲ್ ಮೇಲಿರುತ್ತದೆ. ಆಗ ಕಿತ್ತುಬರುವುದು ಕೆಳಗಿನ ಅಂಚಲ್ಲ, ಎಳೆತವೆಲ್ಲ ಬೀಳುವ ಸೊಂಟದ ಹೊಲಿಗೆ. ಅದನ್ನು ಸ್ಟೇಜ್ ಮೇಲೆ ಸರಿ ಮಾಡೋಕೆ ಆಗಲ್ಲ.

ಆಮೇಲೆ ಊಟದ ಹಾಲ್. ಅನೇಕ ಛತ್ರಗಳಲ್ಲಿ ಅದು ಕೆಳಗಿನ ಮಹಡಿಯಲ್ಲೇ ಇರುತ್ತದೆ. ಮೆಟ್ಟಿಲು ಇಳಿಯಬೇಕು. ಕೈ ತೊಳೆಯುವ ಜಾಗದ ಸುತ್ತ ನೆಲ ಒದ್ದೆ. ಸಾಲುಗಳ ನಡುವೆ ಸಾಂಬಾರಿನ ಬಕೆಟ್ ಹಿಡಿದವರು ಓಡಾಡುತ್ತಿರುತ್ತಾರೆ. ನಾಲ್ಕಡಿ ಬಿಳಿ ಬಟ್ಟೆ ಅಲ್ಲಿಗೆ ಹೋಗಿ ಬಿಳಿಯಾಗೇ ವಾಪಸ್ ಬರುವುದು ಕಷ್ಟ.

ಚರ್ಚ್‌ನಲ್ಲಿ ಮಾತ್ರ ಬಿಟ್ಟೇ ಇರಿ. ಅಷ್ಟು ಉದ್ದದ ನಡುದಾರಿಯಲ್ಲಿ ನಡೆಯೋಕೆ ತಾನೆ ಟ್ರೇಲ್ ಹೊಲಿಸಿದ್ದು? ಪೀಠದ ಮುಂದೆ ಮೊಣಕಾಲೂರಿ ಎದ್ದ ಮೇಲೆ ಅದನ್ನು ಸರಿಪಡಿಸೋಕೆ ಒಬ್ಬ ಗೆಳತಿ ಹಿಂದೆ ಇದ್ದರೆ ಸಾಕು. ಬಲಿಪೂಜೆ ಮುಗಿದ ಮೇಲೆ ಹೊರಗೆ ಅವಳಿ ಗೋಪುರಗಳು ಬರುವ ಹಾಗೆ ಫೋಟೋ ತೆಗೆಸುವಾಗಲೂ ಹಾಗೇ ಇರಲಿ. ಸಂಜೆ ಸ್ಟೇಜ್ ಹತ್ತಿದ ಮೇಲೆ ಫೋಟೋಗ್ರಾಫರ್ ಟ್ರೇಲನ್ನು ಮೆಟ್ಟಿಲ ಮೇಲೆ ಹರಡಿಸಿ ನಾಲ್ಕು ಫೋಟೋ ತೆಗೆಯಲಿ. ಜನರ ಸಾಲು ಶುರುವಾಗುವ ಮುಂಚೆ ಎತ್ತಿಸಿಬಿಡಿ.

ಎತ್ತುವುದರಲ್ಲಿ ಮುಖ್ಯವಾಗಿ ಎರಡು ಬಗೆ. ಒಂದು ಹೊರಗಿನಿಂದ: ಸೊಂಟದ ಹತ್ತಿರ ಪುಟ್ಟ ಗುಂಡಿಗಳು, ಟ್ರೇಲ್ ಮೇಲೆ ಅವಕ್ಕೆ ಹೊಂದುವ ಲೂಪ್‌ಗಳು. ಸಿಕ್ಕಿಸೋದು ಸುಲಭ, ಆದರೆ ಮಡಿಕೆ ಹೊರಗೆ ಕಾಣುತ್ತದೆ. ಸಾದಾ ಸ್ಯಾಟಿನ್‌ಗೆ ಇದು ಚೆನ್ನಾಗಿ ಒಪ್ಪುತ್ತದೆ. ಇನ್ನೊಂದು ಒಳಗಿನಿಂದ: ಲಂಗದ ಒಳಗೆ ಮೇಲೊಂದು ಕೆಳಗೊಂದು ಜೋಡಿ ರಿಬ್ಬನ್. ಅವನ್ನು ಗಂಟು ಹಾಕಿದರೆ ಟ್ರೇಲ್ ತನ್ನ ಅಡಿಗೇ ಮಡಚಿಕೊಳ್ಳುತ್ತದೆ. ನೆಟ್, ಲೇಸ್, ಪದರ ಪದರದ ಗೌನ್‌ಗೆ ನನ್ನ ಓಟು ಇದಕ್ಕೆ. ನಿಮ್ಮ ಟೈಲರ್ ಭಯಪಡುವ ‘ಲುಕ್ ಹೋಗೋದು’ ಇದರಲ್ಲಿ ತುಂಬಾ ಕಡಿಮೆ. ಕಷ್ಟ ಇರೋದು ಕಟ್ಟೋರಿಗೆ. ನಾನು ನೋಡಿದ ಒಂದು ಮದುವೆಯಲ್ಲಿ ಮದುಮಗಳ ತಂಗಿ ಮೊಬೈಲ್ ಟಾರ್ಚ್ ಹಿಡಿದು ಲಂಗದೊಳಗೆ ತಲೆ ಹಾಕಿ ಕೂತಿದ್ದಳು. ಒಳಗಿದ್ದ ರಿಬ್ಬನ್‌ಗಳೆಲ್ಲ ಬಿಳಿ. ಯಾವುದಕ್ಕೆ ಯಾವುದು ಜೋಡಿ ಅಂತ ಗೊತ್ತಾಗದೆ ಅಡ್ಡಾದಿಡ್ಡಿ ಕಟ್ಟಿದಳು, ಗೌನ್ ಒಂದು ಪಕ್ಕಕ್ಕೆ ವಾಲಿತು. ಹೊರಗೆ ಅವರ ಚಿಕ್ಕಪ್ಪ ‘ಆಯ್ತಾ, ಆಯ್ತಾ’ ಅಂತ ಬಾಗಿಲು ಬಡಿಯುತ್ತಿದ್ದರು. ಜೋಡಿಗೊಂದು ಬಣ್ಣ ಹಾಕಿಸಿ: ಕೆಂಪಿಗೆ ಕೆಂಪು, ನೀಲಿಗೆ ನೀಲಿ. ಒಳಗಿನದು ಯಾರಿಗೂ ಕಾಣಲ್ಲ.

ಟೈಲರ್ ಹತ್ತಿರ ಈ ಮಾತುಗಳನ್ನು ಒತ್ತಿ ಹೇಳಿ. ನಾಲ್ಕಡಿ ಟ್ರೇಲ್‌ನ ಭಾರ ಒಂದೇ ಗುಂಡಿ ತಡೆಯೋದಿಲ್ಲ. ಮೂರು ಅಥವಾ ಐದು ಕಡೆ ಹಂಚಲಿ, ಮಣಿ ಕೆಲಸ ಇದ್ದರೆ ಇನ್ನೂ ಹೆಚ್ಚು. ಬರೀ ನೆಟ್ ಮೇಲೆ ಲೂಪ್ ಹೊಲಿಯಬಾರದು, ಹರಿದುಬರುತ್ತದೆ. ಹೊಲಿಗೆ ಸೇರುವ ಜಾಗದಲ್ಲೋ, ಒಳಗಡೆ ಒಂದು ತುಂಡು ಗಟ್ಟಿ ಬಟ್ಟೆ ಕೊಟ್ಟೋ ಹೊಲಿಯಬೇಕು. ಲೂಪ್‌ಗೆ ಮಾಮೂಲಿ ಹೊಲಿಗೆ ದಾರ ಬೇಡ, ನೈಲಾನ್ ದಾರ ಇರಲಿ. ಮೊದಲು ಕೆಳಗಿನ ಅಂಚು ಮುಗಿಯಬೇಕು, ಬಸಲ್ ಆಮೇಲೆ. ಅಳತೆ ಕೊಡುವಾಗ ಮದುವೆಯ ದಿನದ ಚಪ್ಪಲಿಯೇ ಕಾಲಲ್ಲಿರಲಿ. ಸಂಜೆ ಹೀಲ್ಸ್ ಬಿಟ್ಟು ಫ್ಲಾಟ್ಸ್ ಹಾಕೋ ಯೋಚನೆ ಇದ್ದರೆ ಅದನ್ನೂ ಹೇಳಿಬಿಡಿ. ಇಲ್ಲದಿದ್ದರೆ ಎತ್ತಿದ ಮೇಲೂ ಎರಡು ಇಂಚು ನೆಲಕ್ಕೆ ಸವರುತ್ತದೆ.

ಟಫೆಟಾ ಅನ್ನುವ ಗರಿಗರಿ ಬಟ್ಟೆಯಾದರೆ ಇನ್ನೊಂದು ಯೋಚನೆ ಇದೆ. ಅದು ಮಡಚಿದರೆ ಸುಕ್ಕು ಹಿಡಿಯುತ್ತದೆ. 1981ರಲ್ಲಿ ಬ್ರಿಟನ್ ರಾಜಕುಮಾರ ಚಾರ್ಲ್ಸ್ ಜೊತೆಗಿನ ಮದುವೆಯಲ್ಲಿ ಡಯಾನಾ ಅವರ 25 ಅಡಿ ಟ್ರೇಲನ್ನು ಗಾಡಿಯೊಳಗೆ ತುರುಕಿ, ಚರ್ಚ್ ಮುಂದೆ ಇಳಿಯುವ ಹೊತ್ತಿಗೆ ಸುಕ್ಕುಸುಕ್ಕಾಗಿದ್ದನ್ನು ಇಡೀ ಜಗತ್ತೇ ನೋಡಿತ್ತು. ಅಂಥ ಬಟ್ಟೆಯನ್ನು ಒಮ್ಮೆ ಎತ್ತಿದ ಮೇಲೆ ಮತ್ತೆ ಬಿಚ್ಚಿ ಫೋಟೋ ತೆಗೆಸುವ ಆಸೆ ಬಿಡಿ. 2011ರಲ್ಲಿ ಡಯಾನಾ ಅವರ ಸೊಸೆ ಕೇಟ್ ಅವರ ಮದುವೆಯ ಟ್ರೇಲ್ 2.7 ಮೀಟರ್ ಇತ್ತು, ಸಂಜೆಯ ಪಾರ್ಟಿಗೆ ಅವರು ಬೇರೆ ಗೌನ್ ಹಾಕಿಕೊಂಡರು. ನೀವೂ ಸಂಜೆಗೆ ಮೈಸೂರು ಸಿಲ್ಕ್ ಸೀರೆ ಉಡೋದಾದರೆ ಬಸಲ್‌ಗೆ ದುಡ್ಡು ಹಾಕಲೇಬೇಡಿ. ಟ್ರೇಲ್ ಬಿಚ್ಚಿಡುವ ಗೌನ್‌ಗೂ ಬೇಡ. ನೆಲದ ಮೇಲೆ ಒಂದಡಿಗಿಂತ ಕಡಿಮೆ ಇದ್ದರೆ ಮಣಿಕಟ್ಟಿಗೆ ಸಿಕ್ಕಿಸುವ ಒಂದು ಲೂಪ್ ಸಾಕು. ಆದರೆ ನಾಲ್ಕಡಿಗೆ ಆ ಲೂಪ್ ನಂಬಬೇಡಿ. ಉಡುಗೊರೆ ತಗೊಳ್ಳೋಕೆ, ಕೈ ಕುಲುಕೋಕೆ ಎರಡೂ ಕೈ ಬೇಕಲ್ವಾ.

ಇದೇ ಪ್ರಶ್ನೆ ಮಂಡ್ಯ ಕಡೆಯಿಂದಲೂ ಬರುತ್ತದೆ. ಮುಹೂರ್ತದ ಹಿಂದಿನ ಸಂಜೆ ಆರತಕ್ಷತೆಗೆ ಬಾಡಿಗೆ ಟ್ರೇಲ್ ಗೌನ್ ತರುವವರದು. ಬಾಡಿಗೆಯದಾದರೆ ಅಂಗಡಿಯವರನ್ನು ಕೇಳದೆ ಒಂದು ಸೂಜಿಯನ್ನೂ ಚುಚ್ಚಬೇಡಿ. ಆಮೇಲೆ ಬಿಚ್ಚಬಹುದಾದ ಲೂಪ್ ಅವರೇ ಹಾಕಿಕೊಡಲಿ. ಸೇಫ್ಟಿ ಪಿನ್ನಲ್ಲೇ ಎತ್ತಿಬಿಡೋಣ ಅನ್ನುವವರಿದ್ದಾರೆ. ಅದು ನೆಟ್‌ನಲ್ಲಿ ತೂತು ಮಾಡುತ್ತದೆ, ಡೆಪಾಸಿಟ್‌ನಲ್ಲೂ ಮಾಡುತ್ತದೆ.

ಕೊನೆಯ ಟ್ರಯಲ್‌ಗೆ ಅಕ್ಕನನ್ನು ಜೊತೆಗೆ ಕರೆದುಕೊಂಡು ಹೋಗಿ. ಆ ದಿನ ಕಟ್ಟೋದು ಅವರೇ ಅಲ್ವಾ. ಟೈಲರ್ ಒಮ್ಮೆ ಕಟ್ಟುವುದನ್ನು ಅಕ್ಕ ವಿಡಿಯೋ ಮಾಡಿಕೊಳ್ಳಲಿ, ಆಮೇಲೆ ಬಿಚ್ಚಿ ಅವರೇ ಕಟ್ಟಲಿ. ಕಟ್ಟಿದ ಮೇಲೆ ನೀವು ಕುರ್ಚಿಯಲ್ಲಿ ಕೂತು ನೋಡಿ, ಬೆನ್ನಿಗೆ ಗುಂಡಿ ಒತ್ತುತ್ತಾ ಅಂತ. ಎದ್ದು ನಾಲ್ಕು ಹೆಜ್ಜೆ ಹಿಂದಕ್ಕೆ ನಡೆಯಿರಿ. ಮುಂದೆ ನಡೆಯುವಾಗ ಹಿಂಭಾಗದ ಬಟ್ಟೆ ಕಾಲಿಗೆ ಸಿಗಲ್ಲ, ಸಿಗುವುದು ಹಿಂದೆ ಸರಿಯುವಾಗ. ‘ಸ್ವಲ್ಪ ಹಿಂದೆ ಬನ್ನಿ ಮೇಡಂ’ ಅಂತ ಫೋಟೋಗ್ರಾಫರ್ ಸಂಜೆಯಿಡೀ ಹೇಳುತ್ತಲೇ ಇರುತ್ತಾರೆ.