ಜಪಾನಿನಲ್ಲಿ ನಮ್ಮ ಮಡಿ

ಜಪಾನಿಗೆ ಪ್ರವಾಸಿ ತಂಡಗಳನ್ನು ಕರೆದೊಯ್ಯುವ ವ್ಯವಸ್ಥಾಪಕನಾಗಿ ನಾನು ಕಂಡಂತೆ, ಕನ್ನಡಿಗರು ಅಲ್ಲಿ ಮುಗ್ಗರಿಸುವುದು ಪದ್ಧತಿ ತೀರಾ ಬೇರೆಯಾಗಿರುವ ಕಡೆ ಅಲ್ಲ. ‘ಇದು ನಮ್ಮಲ್ಲೂ ಉಂಟಲ್ಲ’ ಎಂದು ನಿರಾಳವಾಗುವ ಕಡೆಯಲ್ಲೇ.

ರ್ಯೋಕಾನ್ ಎಂಬ ಸಾಂಪ್ರದಾಯಿಕ ವಸತಿಗೃಹದ ಬಾಗಿಲಲ್ಲಿ ಚಪ್ಪಲಿ ಬಿಡಬೇಕೆಂದು ನಮ್ಮವರಿಗೆ ಯಾರೂ ಹೇಳಿಕೊಡಬೇಕಾಗಿಲ್ಲ. ಆದರೆ ಒಳಗೆ ಓಡಾಡಲು ಒಂದು ಜೊತೆ, ಶೌಚಾಲಯದೊಳಗೆ ಮಾತ್ರ ಬಳಸಲು ಇನ್ನೊಂದು ಜೊತೆ ಇಟ್ಟಿರುತ್ತಾರೆ. ತತಾಮಿ ಚಾಪೆಯ ಮೇಲೆ ಎರಡಕ್ಕೂ ಪ್ರವೇಶವಿಲ್ಲ. ಮನೆಯಲ್ಲಿ ಮಡಿಯ ವಿಷಯಕ್ಕೆ ಬಂದರೆ ಯಾರನ್ನೂ ಬಿಡದ ಹಿರಿಯರೊಬ್ಬರು ಶೌಚಾಲಯದ ಚಪ್ಪಲಿಯಲ್ಲೇ ಗಂಭೀರವಾಗಿ ಊಟದ ಕೋಣೆಯತ್ತ ನಡೆದು ಬಂದಾಗ, ಬಡಿಸುತ್ತಿದ್ದ ಮಹಿಳೆ ನಗು ನುಂಗಿಕೊಂಡು ಮಂಡಿಯೂರಿ ಬೇರೆ ಜೊತೆಯನ್ನು ಅವರ ಮುಂದಿಟ್ಟರು. ಇವರು ಅದನ್ನು ವಿಶೇಷ ಮರ್ಯಾದೆಯೆಂದು ಭಾವಿಸಿ ಕೈಮುಗಿದರು.

ಸ್ನಾನದ ಕಥೆಯೂ ಇದೇ. ಪುಟ್ಟ ಮಣೆಯ ಮೇಲೆ ಕುಳಿತು ಮೈ ತೊಳೆದುಕೊಳ್ಳುವ ಕ್ರಮ ಹಳ್ಳಿಯ ಬಚ್ಚಲನ್ನೇ ನೆನಪಿಸುತ್ತದೆ, ಆದರೆ ಅಲ್ಲಿ ಅದು ಬರೀ ಪೀಠಿಕೆ. ಸೋಪಿನ ನೊರೆ ಪೂರ್ತಿ ಹೋದ ಮೇಲೆ ಬಿಸಿನೀರಿನ ತೊಟ್ಟಿಗಿಳಿಯಬೇಕು, ಮತ್ತು ಆ ನೀರು ಎಲ್ಲರಿಗೂ ಸೇರಿದ್ದು. ‘ನಾನು ಮಿಂದ ನೀರಿನಲ್ಲಿ ಇನ್ನೊಬ್ಬರು ಮೀಯುವುದೇ’ ಎಂಬ ಸಂಕೋಚದಿಂದ, ಹೋಂಸ್ಟೇ ಒಂದರಲ್ಲಿ ನಮ್ಮ ತಂಡದ ಗೃಹಿಣಿಯೊಬ್ಬರು ಬಿರಡೆ ಕಿತ್ತು ತೊಟ್ಟಿಯನ್ನು ಖಾಲಿ ಮಾಡಿದ್ದುಂಟು. ಆ ರಾತ್ರಿ ಆತಿಥೇಯರ ಇಡೀ ಮನೆ ಮತ್ತೊಮ್ಮೆ ನೀರು ಕಾಯುವುದನ್ನೇ ಕಾಯುತ್ತ ಕುಳಿತಿತ್ತು.

ಯುಕಾತಾ ಎಂಬ ಹಗುರ ನಿಲುವಂಗಿ ಉಡುವಾಗ ಎಡ ಅಂಚು ಬಲದ ಮೇಲೆ ಬರಬೇಕು. ತಿರುವುಮುರುವಾದರೆ ಅದು ಶವಕ್ಕೆ ಉಡಿಸುವ ರೀತಿ. ಅನ್ನದಲ್ಲಿ ಊಟದ ಕಡ್ಡಿಯನ್ನು ನೆಟ್ಟಗೆ ಚುಚ್ಚುವುದು ಸತ್ತವರಿಗೆ ಎಡೆಯಿಡುವ ಕ್ರಮ, ಕಡ್ಡಿಯಿಂದ ಕಡ್ಡಿಗೆ ತುಣುಕು ದಾಟಿಸುವುದು ದಹನದ ನಂತರ ಅಸ್ಥಿ ಆರಿಸುವ ಕ್ರಮ. ಇವನ್ನು ಒಮ್ಮೆ ಹೇಳಿದರೆ ಸಾಕು. ಪಿಂಡಪ್ರದಾನ ಕಂಡವರು ಮರೆಯುವುದಿಲ್ಲ. ಟಿಪ್ಸ್ ಕೊಡುವ ರೂಢಿ ಅಲ್ಲಿಲ್ಲ, ಮೇಜಿನ ಮೇಲೆ ಬಿಟ್ಟ ಹಣವನ್ನು ಹಿಂದೆಯೇ ಓಡಿಬಂದು ಮರಳಿಸುತ್ತಾರೆ.

ನಿಜವಾಗಿ ಎಚ್ಚರ ಬೇಕಾದದ್ದು ಊಟದಲ್ಲಿ. ‘ಮೀನಿದೆಯೇ’ ಎಂದು ಕೇಳಿದರೆ, ತುಂಡು ಕಾಣದಿರುವುದರಿಂದ, ಇಲ್ಲವೆಂಬ ಪ್ರಾಮಾಣಿಕ ಉತ್ತರವೇ ಬರಬಹುದು. ಆದರೆ ಮಿಸೊ ಎಂಬ ಹುದುಗಿಸಿದ ಸೋಯಾ ಮುದ್ದೆಯ ಸಾರಿಗೆ ಆಧಾರವಾದ ದಾಶಿ ಎಂಬ ತಿಳಿರಸವನ್ನು ಸಾಮಾನ್ಯವಾಗಿ ಒಣಮೀನಿನ ಹೆರೆಗಳಿಂದಲೇ ಕುದಿಸಿ ತೆಗೆಯುತ್ತಾರೆ. ಆದ್ದರಿಂದ ಸಸ್ಯಾಹಾರಿಗಳಿರುವ ತಂಡವನ್ನು ನಾನು ಕೋಯಾ ಬೆಟ್ಟದ ಬೌದ್ಧ ಮಠಗಳಲ್ಲಿ ಉಳಿಸಲು ಬಯಸುತ್ತೇನೆ. ಅಲ್ಲಿಯ ಶೋಜಿನ್ ಅಡುಗೆಯಲ್ಲಿ ಮೀನು, ಮಾಂಸ ಇಲ್ಲ. ಸಂಪ್ರದಾಯದಂತೆ ಈರುಳ್ಳಿ, ಬೆಳ್ಳುಳ್ಳಿಯೂ ನಿಷಿದ್ಧ. ಹಿರಿಯರು ಧನ್ಯರಾಗುತ್ತಾರೆ. ಕಿರಿಯರು ಮಾತ್ರ ಚೀಲದಿಂದ ಮೆಲ್ಲಗೆ ಉಪ್ಪಿನಕಾಯಿ ಬಾಟಲಿ ತೆಗೆದು ಎಲ್ಲರಿಗೂ, ಕೆಲವೊಮ್ಮೆ ಪಕ್ಕದ ಭಿಕ್ಷುವಿಗೂ, ಆದರದಿಂದ ನೀಡುತ್ತಾರೆ. ಅದು ಬೆಳ್ಳುಳ್ಳಿಯದೇ ಉಪ್ಪಿನಕಾಯಿಯೆಂಬುದು ಆಮೇಲೆ ನೆನಪಾಗುತ್ತದೆ.